ಚೀನಾ ನಡುಗಿದ ವರ್ಷ, ಸವದತ್ತಿಯ ತಾರು

ಅಂಚೆ ಕಚೇರಿಗೆ ಹೊಸದಾಗಿ ಸೇರಿದವರು ಸಿಕ್ಕಾಗಲೆಲ್ಲ ನನ್ನನ್ನು ಕೇಳುವುದು ಒಂದೇ ಪ್ರಶ್ನೆ: ‘ತಂತಿ ಯಂತ್ರದ ಆ ಕಟ್ ಕಡ ಸದ್ದಿನಲ್ಲಿ ಅಕ್ಷರ ಹೇಗೆ ತಿಳಿಯುತ್ತಿತ್ತು ಸರ್?’ ಕಿವಿಗೆ ಆರು ತಿಂಗಳಲ್ಲಿ ರೂಢಿಯಾಗುತ್ತದೆ. ನನಗೆ ಹನ್ನೊಂದು ವರ್ಷ ಹಿಡಿದದ್ದು ಬಾಯಿಯನ್ನು ಹದಕ್ಕೆ ತರಲು. ಅದನ್ನು ಹೇಳಬೇಕೆಂದೇ ಇದನ್ನು ಬರೆಯುತ್ತಿದ್ದೇನೆ.

ಕೆಲಸ ಕಲಿತದ್ದು ಕಿತ್ತೂರಿನಲ್ಲಿ. ಅಲ್ಲಿಯ ಹಿರಿಯ ತಂತಿ ಮಾಸ್ತರರು ನನ್ನನ್ನು ಯಂತ್ರಕ್ಕೆ ಬೆನ್ನು ಮಾಡಿ ಕೂರಿಸುತ್ತಿದ್ದರು. ಮೇಜಿನ ಮೇಲೆ ಪೆನ್ಸಿಲಿನಿಂದ ಕುಟ್ಟಿ ‘ಏನಂತ?’ ಎನ್ನುತ್ತಿದ್ದರು. ಗೊತ್ತಾಗದಿದ್ದರೆ ‘ಗೊತ್ತಾಗಲಿಲ್ಲ’ ಎನ್ನಬೇಕು. ಊಹಿಸಿ ಹೇಳಿ ಅದು ಸರಿಯಾಗಿದ್ದರೂ ಬೈಗುಳ ತಪ್ಪುತ್ತಿರಲಿಲ್ಲ. ಆ ಬೈಗುಳದ ಬೆಲೆ ತಿಳಿದದ್ದು ರಾಮದುರ್ಗದಲ್ಲಿ. ಅಲ್ಲಿ ಒಂದು ದಿನ ‘ಬರಬೇಡಿ’ ಎಂಬ ಇಂಗ್ಲಿಷ್ ತಂತಿಯಲ್ಲಿ ‘ಬೇಡ’ ಎನ್ನುವ ಒಂದೇ ಪದ ನನಗೆ ಕೇಳಿಸಲಿಲ್ಲ. ‘ಬನ್ನಿ’ ಎಂದು ಬರೆದುಕೊಟ್ಟೆ. ವರನ ಕಡೆಯವರು ಟ್ರಕ್ ಮಾಡಿಕೊಂಡು ನಿಶ್ಚಯಕ್ಕೆ ಹೋದರೆ ಹೆಣ್ಣಿನ ಮನೆಯಲ್ಲಿ ಸೂತಕ. ಮರಳಿ ಬಂದ ವರನ ತಂದೆ ಕಟಕಟೆಯ ಆಚೆ ನಿಂತು ನನ್ನನ್ನು ನೋಡಿದರು, ಆ ತಂತಿಯ ಕಾಗದವನ್ನು ನನ್ನ ಮುಂದಿಟ್ಟು ಹೋದರು. ಅಂದಿನಿಂದ ಕಿವಿಯ ವಿಷಯದಲ್ಲಿ ನಾನು ಬಹಳ ಎಚ್ಚರಿಕೆಯ ಮನುಷ್ಯನಾದೆ. ಬಾಯಿಯ ವಿಷಯದಲ್ಲಿ ಆಗಲಿಲ್ಲ.

ಸಾವಿರದ ಒಂಬೈನೂರ ಎಪ್ಪತ್ತಾರರಲ್ಲಿ ನಾನು ಸವದತ್ತಿಯಲ್ಲಿದ್ದೆ. ಬೆಳಗಾವಿಯಿಂದ ಹೊರಟ ತಂತಿ ಬೈಲಹೊಂಗಲಕ್ಕೆ ಬಂದು, ಅಲ್ಲಿಂದ ನಮಗೆ, ನಮ್ಮಿಂದ ರಾಮದುರ್ಗಕ್ಕೆ ಹೋಗುತ್ತಿತ್ತು. ಬೈಲಹೊಂಗಲದಲ್ಲಿ ಕುಳಿತಿದ್ದವರು ಇಮಾಮಸಾಬ್. ಮೂರು ವರ್ಷ ದಿನವೂ ಅವರ ಕೈ ಕೇಳಿದ್ದೆ, ಮುಖ ನೋಡಿರಲಿಲ್ಲ. ಕೀ ಕುಟ್ಟುವ ಒಬ್ಬೊಬ್ಬರ ಕೈಗೂ ಒಂದೊಂದು ನಡಿಗೆ ಇರುತ್ತದೆ. ಇಮಾಮಸಾಬರದು ನಿಧಾನ, ಪದ ಮುಗಿದಾಗ ಒಂದು ಸಣ್ಣ ತಡೆ, ಬಾಗಿಲು ದಾಟುವಾಗ ತಲೆ ಬಗ್ಗಿಸುವ ಎತ್ತರದ ಮನುಷ್ಯನ ಹಾಗೆ.

ಅದು ತುರ್ತು ಪರಿಸ್ಥಿತಿಯ ಕಾಲ. ಹತ್ತು ನಿಮಿಷ ತಡವಾದರೆ ಮೆಮೊ, ಒಂದು ಮಾತು ಹೆಚ್ಚಾದರೆ ಅಮಾನತು. ನಮ್ಮ ಪೋಸ್ಟ್ ಮಾಸ್ತರರಾದ ಹಿರೇಮಠ ಸಾಹೇಬರು ಸುತ್ತೋಲೆಗಳನ್ನೆಲ್ಲ ದಾರಕ್ಕೆ ಪೋಣಿಸಿ ಗೋಡೆಗೆ ತೂಗುಹಾಕಿದ್ದರು. ಯಾರಾದರೂ ಏನಾದರೂ ಕೇಳಿದರೆ ಮೊದಲು ಅವರ ಕಣ್ಣು ಆ ಗೋಡೆಯ ಕಡೆ ಹೋಗುತ್ತಿತ್ತು.

ರತ್ನವ್ವ ವಾರಕ್ಕೊಮ್ಮೆಯಾದರೂ ಕಚೇರಿಗೆ ಬರುತ್ತಿದ್ದಳು. ಮುನವಳ್ಳಿ ಕಡೆಯ ಕಾಲುವೆ ಕೆಲಸಕ್ಕೆ ಹೋಗುವ ಹೆಣ್ಣುಮಗಳು, ಊರ ಅಂಚಿನಲ್ಲಿ ಬೌದ್ಧರಾದ ದಲಿತರ ಕೇರಿಯವಳು. ಗಂಡ ಮಾರುತಿ ನವಿಲುತೀರ್ಥದ ಆಣೆಕಟ್ಟಿನಲ್ಲಿ ವೆಲ್ಡಿಂಗ್ ಕಲಿತು, ಆ ಕೆಲಸ ಮುಗಿದ ಮೇಲೆ ಮುಂಬೈಯ ಗೋದಿಗೆ, ಅಂದರೆ ಹಡಗುಕಟ್ಟೆಗೆ, ಹೋಗಿ, ಅಲ್ಲಿಯ ಒಂದು ಕಂಪನಿಯ ಮೂಲಕ ಪರದೇಶದ ಒಂದು ಸರಕು ಹಡಗಿನ ಯಂತ್ರದ ಕೋಣೆ ಸೇರಿದ್ದ. ಅವನ ಪತ್ರ ಬಂದರೆ ಓದುವವನು ನಾನು. ಅವಳು ಹೇಳಿದ್ದನ್ನು ಬರೆಯುವವನೂ ನಾನೇ. ಪುರೋಹಿತರ ಮನೆಯ ಮಗನಾದ ನನಗೆ ಅದೊಂದು ಪುಣ್ಯದ ಕೆಲಸವೆಂಬ ಹೆಮ್ಮೆ ಒಳಗೊಳಗೇ ಇತ್ತು.

ಹೊಸ ವರ್ಷಕ್ಕೆ ಬಂದ ಪತ್ರದಲ್ಲಿ ಮಾರುತಿ ತನ್ನ ಹಡಗು ಈ ವರ್ಷ ಚೀನಾದ ಬಂದರುಗಳಿಗೆ ಓಡಾಡುತ್ತದೆ ಎಂದು ಬರೆದಿದ್ದ. ಅಂದಿನಿಂದ ರತ್ನವ್ವನಿಗೆ ಚೀನಾ ಎಂದರೆ ಗಂಡನ ಊರು. ನಮ್ಮ ಕಡೆ ಹಾಗಲ್ಲ. ಸಂಗೊಳ್ಳಿ, ಬೈಲಹೊಂಗಲದ ಸುತ್ತ ಫೌಜಿಗೆ ಹೋದ ಮನೆಗಳು ಬಹಳ. ಚೀನಾ ಎಂದರೆ ಅರವತ್ತೆರಡರ ಯುದ್ಧ. ಅವಳು ಮಾತ್ರ ಚಹಾದ ಅಂಗಡಿಯ ರೇಡಿಯೋದಲ್ಲಿ ಆ ಹೆಸರು ಬಂದರೆ ಸಾಕು, ಕಟಕಟೆಗೆ ಬಂದು ನಿಲ್ಲುತ್ತಿದ್ದಳು. ಜನವರಿಯಲ್ಲಿ ಅಲ್ಲಿಯ ಪ್ರಧಾನಿ ತೀರಿಕೊಂಡಾಗ ‘ಹಡಗ ನಿಂದರ್ಸತಾರೇನ್ರಿ?’ ಎಂದು ಕೇಳಿದಳು. ಏಪ್ರಿಲಿನಲ್ಲಿ ಪೀಕಿಂಗಿನ ದೊಡ್ಡ ಚೌಕದಲ್ಲಿ ಗಲಭೆಯಾಯಿತೆಂಬ ಸುದ್ದಿಗೆ ಹೆದರಿದಳು. ಅದೇ ತಿಂಗಳು ನಮ್ಮ ಸರಕಾರ ಹದಿನೈದು ವರ್ಷದ ಮೇಲೆ ಚೀನಾಕ್ಕೆ ಮತ್ತೆ ರಾಯಭಾರಿಯನ್ನು ಕಳಿಸುತ್ತದೆಂದು ಕೇಳಿ ‘ನಮ್ಮ ಮಂದಿ ಒಬ್ಬರು ಹ್ವಾದಂಗಾತು’ ಎಂದು ಸಮಾಧಾನಪಟ್ಟಳು.

ಜೂನ್ ಕೊನೆಯಲ್ಲಿ ಬಂದ ಪತ್ರವನ್ನು ನಾನೇ ಓದಿ ಹೇಳಿದೆ. ಜುಲೈ ಕೊನೆಗೆ ಹಡಗು ಟಿಯೆಂಟ್‌ಸಿನ್ ಎಂಬ ಬಂದರಿನಲ್ಲಿರುತ್ತದೆ, ಅಲ್ಲಿ ಯಂತ್ರದ ದುರಸ್ತಿ ಇದೆ, ದಂಡೆಯ ಮೇಲೆ ಹತ್ತು ಹನ್ನೆರಡು ದಿನ ಇರುತ್ತೇವೆ ಎಂದಿತ್ತು.

ಜುಲೈ ಇಪ್ಪತ್ತೆಂಟರಂದು ಚೀನಾದಲ್ಲಿ ಭೂಮಿ ನಡುಗಿತು. ತಾಂಗ್‌ಶಾನ್ ಎಂಬ ಊರು ನೆಲಸಮವಾಗಿದೆ, ಪೀಕಿಂಗ್ ಮತ್ತು ಟಿಯೆಂಟ್‌ಸಿನ್‌ಗಳಿಗೂ ಪೆಟ್ಟು ಬಿದ್ದಿದೆ ಎಂದು ರೇಡಿಯೋ ಹೇಳಿತು. ಸತ್ತವರೆಷ್ಟೆಂದು ಆ ಸರಕಾರ ಹೇಳಲಿಲ್ಲ, ಹೇಳದಿದ್ದದ್ದೇ ಹೆದರಿಕೆ ಹುಟ್ಟಿಸುತ್ತಿತ್ತು. ಮಗಳ ಸಾಲೆಯ ಅಟ್ಲಾಸ್ ತೆಗೆದು ನೋಡಿದೆ. ತಾಂಗ್‌ಶಾನ್‌ಗೂ ಟಿಯೆಂಟ್‌ಸಿನ್‌ಗೂ ನಡುವೆ ಬೆರಳ ತುದಿಯಷ್ಟೂ ಜಾಗ ಇರಲಿಲ್ಲ.

ಮರುದಿನ ಸಂಜೆ ರತ್ನವ್ವ ಬಂದಳು. ಕಾಲುವೆಯ ಕೆಸರು ಇನ್ನೂ ಮೊಣಕಾಲಿಗೆ ಹತ್ತಿತ್ತು.

‘ಮಾಸ್ತರ್ರ, ಚೀನಾದಾಗ ಭೂಮಿ ನಡಗೇತಂತ. ನಮ್ಮವರ ಇದ್ದ ಊರ ಅದಕ್ಕ ಹತ್ತರ ಐತೇನ್ರಿ?’

ಅವಳ ಮುಖ ನೋಡಿದೆ. ನಿಜ ಹೇಳಲು ನಾಲಗೆ ಏಳಲಿಲ್ಲ.

‘ಇಲ್ಲವ್ವ. ಭಾಳ ದೂರ ಅದ. ಸವದತ್ತಿಗೂ ಮದ್ರಾಸಿಗೂ ಎಷ್ಟೋ ಅಷ್ಟು.’

‘ಖರೇನ?’

‘ಖರೇ.’

‘ಹಂಗಾರ ಮುಂಬೈ ಕಂಪನಿಗೆ ಒಂದ ತಾರ ಬಡದ ಕೇಳೂದು ಬ್ಯಾಡೇನ್ರಿ?’

‘ಸುಮ್ಮನ ಯಾಕ? ಏನೂ ಆಗಿಲ್ಲ, ಹೋಗು.’

ಅವಳು ನಕ್ಕು, ಕೈ ಮುಗಿದು ಹೋದಳು. ಅವತ್ತಿನ ಮಟ್ಟಿಗೆ ನಾನು ಒಳ್ಳೆಯ ಕೆಲಸ ಮಾಡಿದೆನೆಂದೇ ಅಂದುಕೊಂಡೆ. ಎರಡು ದಿನವೂ ಆ ನೆಮ್ಮದಿ ನಿಲ್ಲಲಿಲ್ಲ. ಬೈಲಹೊಂಗಲದಿಂದ ಕರೆ ಬಂದಾಗಲೆಲ್ಲ ಮೊದಲು ವಿಳಾಸದಲ್ಲಿ ಅವಳ ಹೆಸರು ಹುಡುಕುತ್ತಿದ್ದೆ. ಅವಳು ಬಂದಾಗ ‘ಪತ್ರ ಬಂದಿಲ್ಲ’ ಎಂದು ಮುಖ ಎತ್ತದೆ ಹೇಳುತ್ತಿದ್ದೆ. ಕರೆದು ನಿಜ ಹೇಳಿಬಿಡಬೇಕೆಂದು ಎಷ್ಟೋ ಸಲ ಬಾಯಿವರೆಗೆ ಬಂತು. ಆದರೆ ಮೊದಲನೆಯ ಸುಳ್ಳನ್ನು ಒಪ್ಪಿಕೊಳ್ಳದೆ ಎರಡನೆಯ ಮಾತು ಆಡುವ ಹಾಗಿರಲಿಲ್ಲ.

ಸ್ವಾತಂತ್ರ್ಯ ದಿನದ ಹಿಂದಿನ ದಿನ, ಶನಿವಾರ. ಬೆಳಗಿನಿಂದ ಗಾಳಿ ಮಳೆ. ಹತ್ತು ಗಂಟೆಯ ಹೊತ್ತಿಗೆ ಇಮಾಮಸಾಬರ ಕೈ ನಮ್ಮನ್ನು ಕರೆಯಿತು. ಕಾಗದ ಎಳೆದುಕೊಂಡು ಬರೆಯತೊಡಗಿದೆ. ವಿಳಾಸ ಬಂತು: ರತ್ನವ್ವ, ಸವದತ್ತಿ. ಹಡಗಿನ ಕಂಪನಿ ಇಂಗ್ಲಿಷಿನಲ್ಲಿ ಕಳಿಸಿದ ಆ ತಂತಿಯ ಅರ್ಥ ಇಷ್ಟು: ‘ಮಾರುತಿಗೆ ಚೀನಾದ ಭೂಕಂಪದಲ್ಲಿ ಗಾಯ. ಮುಂಬೈ ಆಸ್ಪತ್ರೆಗೆ ತಂದಿದೆ. ನವಿಲುತೀರ್ಥದ ವಿಳಾಸಕ್ಕೆ ಬರೆದ ಪತ್ರ ವಾಪಸ್ ಬಂದಿದೆ. ಈ ವಿಳಾಸ ಅವನ ಬಳಿಯ ಪತ್ರದಲ್ಲಿ ಸಿಕ್ಕಿತು. ಕೂಡಲೇ ಬನ್ನಿ. ಸ್ಥಿತಿ...’

ಅಷ್ಟಕ್ಕೆ ಯಂತ್ರ ನಿಂತಿತು.

ಕೀ ಒತ್ತಿದೆ. ಉತ್ತರವಿಲ್ಲ. ಮತ್ತೆ ಒತ್ತಿದೆ. ಫೋನೂ ಸತ್ತಿತ್ತು; ಎರಡೂ ಒಂದೇ ಕಂಬದ ಮೇಲಿನವು. ‘ಸ್ಥಿತಿ’ ಎಂಬ ಪದದ ಮುಂದೆ ಖಾಲಿ ಕಾಗದ. ಆ ಖಾಲಿ ಜಾಗದಲ್ಲಿ ಏನು ಬೇಕಾದರೂ ಇರಬಹುದಿತ್ತು.

ಕಾಗದ ಹಿಡಿದುಕೊಂಡು ಹಿರೇಮಠ ಸಾಹೇಬರ ಬಳಿ ಹೋದೆ. ಓದಿ ಅವರು ಗೋಡೆಯ ಕಡೆ ನೋಡಿದರು.

‘ಅರ್ಧ ತಾರ ಕೊಡಾಕ ಬರೂದಿಲ್ಲ ಜೋಶಿ. ಲೈನ್ ಕೆಟ್ಟರ ಅದರ ಪ್ರತಿ ಟಪಾಲದಾಗ ಬರತೈತಿ. ನಾಳೆ ಐತವಾರ, ಅದರಾಗ ಝೇಂಡಾ ವಂದನೆ. ಸೋಮವಾರ ಬಂದ ಮ್ಯಾಲ ಕೊಡು.’

‘ಸೋಮವಾರದ ತನಕಾ ಆ ಮನುಷ್ಯಾ ತಡೀದಿದ್ರ ಏನ್ ಮಾಡೂದ್ರಿ?’

‘ನಿಯಮ ನಾ ಮಾಡೇನೇನು?’

ಆಗ ನಾನು ಎಲ್ಲವನ್ನೂ ಹೇಳಿದೆ. ಅವಳು ಕೇಳಿದ್ದು, ನಾನು ಸುಳ್ಳು ಹೇಳಿದ್ದು, ಕಂಪನಿಗೆ ತಂತಿ ಕೊಡುತ್ತೇನೆಂದವಳನ್ನು ತಡೆದದ್ದು. ಅವತ್ತೇ ತಂತಿ ಕೊಟ್ಟಿದ್ದರೆ ಕಂಪನಿಗೆ ಸರಿಯಾದ ವಿಳಾಸ ಸಿಗುತ್ತಿತ್ತು. ಅವರ ಪತ್ರ, ಮಾರುತಿ ಕೆಲಸಕ್ಕೆ ಸೇರುವಾಗ ಬರೆಸಿದ್ದ, ಈಗ ಮುಚ್ಚಿಹೋದ ಆಣೆಕಟ್ಟಿನ ಕ್ಯಾಂಪಿಗೆ ಹೋಗಿ ತಿರುಗಿ ಬರುತ್ತಿರಲಿಲ್ಲ. ಸಾಹೇಬರು ಕನ್ನಡಕ ತೆಗೆದು ಮೇಜಿನ ಮೇಲಿಟ್ಟರು. ನನ್ನ ನೌಕರಿ ಮುಗಿಯಿತೆಂದುಕೊಂಡೆ.

ಕೊನೆಗೆ ಕೆಂಪು ಶಾಯಿಯ ಪೆನ್ನು ತೆಗೆದುಕೊಂಡು ಕಾಗದದ ಮೇಲೆ ‘ಅಪೂರ್ಣ, ಸಾಲು ಕೆಟ್ಟಿದೆ’ ಎಂದು ಬರೆದು, ನನ್ನ ರುಜುವಿನ ಪಕ್ಕದಲ್ಲಿ ತಮ್ಮ ರುಜುವನ್ನೂ ಹಾಕಿದರು.

‘ಅರ್ಧಾ ಐತಿ ಅಂತ ಹೇಳಿ ಕೊಡು. ಬೈಲಹೊಂಗಲಕ್ಕ ಹೋಗಿ ಉಳದ ಅರ್ಧಾ ತಗೋ. ರಜೆ ಅರ್ಜಿ ಬರದಿಟ್ಟ ಹೋಗು. ಏನಾರ ಮೆಮೊ ಬಂದ್ರ ಇಬ್ಬರಿಗೂ ಬರಲಿ.’

ಸೈಕಲ್ ಏರಿ ಮಳೆಯಲ್ಲೇ ಹೋದೆ. ಎರಡು ವರ್ಷ ಅವಳ ಪತ್ರ ಓದಿದ್ದೆ. ಆ ಕೇರಿಗೆ ಕಾಲಿಟ್ಟದ್ದು ಅದೇ ಮೊದಲು. ಮಳೆಯಿಂದಾಗಿ ಅವತ್ತು ಕಾಲುವೆ ಕೆಲಸ ಇರಲಿಲ್ಲ. ರತ್ನವ್ವ ಬುದ್ಧನ ಪಟದ ಕೆಳಗೆ ಕುಳಿತು ಜೋಳ ಹಸನು ಮಾಡುತ್ತಿದ್ದಳು. ಮಾವ ಸಿದ್ದಪ್ಪ ಬಾಗಿಲಲ್ಲಿದ್ದ. ನನ್ನನ್ನು ಕಂಡದ್ದೇ ಅವಳ ಕೈಯಲ್ಲಿದ್ದ ಮೊರ ನಿಂತಿತು. ತಾರಿನ ಮನುಷ್ಯ ಮನೆ ಬಾಗಿಲಿಗೆ ಬಂದರೆ ಯಾರಿಗಾದರೂ ತಿಳಿಯುತ್ತದೆ.

‘ಜೀವ ಐತೇನ್ರಿ?’ ಎಂದಳು.

ಬಂದಷ್ಟನ್ನು ಓದಿ ಹೇಳಿದೆ. ‘ಮುಂದಿಂದು ಬಂದಿಲ್ಲ. ಬೈಲಹೊಂಗಲದಾಗ ಸಿಗತದ. ಬೆಳಗಾಂವಿ ಬಸ್ಸಿಗೆ ಹೆಂಗೂ ಅಲ್ಲೇ ಹೋಗಬೇಕು. ನಾನೂ ಬರತೇನಿ, ಏಳ್ರಿ.’

ಅವಳು ಅಳಲಿಲ್ಲ. ಒಂದು ಗಂಟು ಕಟ್ಟಿ, ಮಾವನ ಕೈಗೆ ಕೊಡೆ ಕೊಟ್ಟು ಹೊರಟಳು.

ಮೂವರೂ ಬಸ್ಸು ಹತ್ತಿದೆವು. ದಾರಿಯಲ್ಲಿ ಒಂದು ಕಡೆ ದೊಡ್ಡ ಬೇವಿನ ಮರ ಕಂಬವನ್ನೂ ತಂತಿಯನ್ನೂ ಎಳೆದುಕೊಂಡು ಎರೆಮಣ್ಣಿನ ಹೊಲದಲ್ಲಿ ಬಿದ್ದಿತ್ತು. ಅದನ್ನು ದಾಟಿದ ಮೇಲೆ ರತ್ನವ್ವ ನನ್ನ ಕಡೆ ತಿರುಗಿದಳು.

‘ಆ ಊರ ದೂರ ಐತಿ ಅಂದಿದ್ರೆಲ್ರಿ.’

‘ಹತ್ತರನ ಇತ್ತವ್ವ. ನನಗ ಗೊತ್ತಿತ್ತು.’

ಅವಳು ಕಿಟಕಿಯ ಆಚೆ ನೋಡಿದಳು. ಆಮೇಲೆ ಬಹಳ ಮೆಲ್ಲಗೆ, ಸಿಟ್ಟಿಲ್ಲದೆ ಹೇಳಿದಳು: ‘ಇನ್ನ ಮ್ಯಾಲ ಅದರಾಗ ಎಷ್ಟ ಇರತೈತೋ ಅಷ್ಟ ಓದ್ರಿ. ನಿಮ್ಮ ಕಡಿಂದ ಏನೂ ಹಾಕಬ್ಯಾಡ್ರಿ.’

ವೃತ್ತಿಯಲ್ಲಿ ನನಗೆ ಸಿಕ್ಕ ಮೆಮೊಗಳಲ್ಲಿ ಅದಕ್ಕಿಂತ ದೊಡ್ಡದಿಲ್ಲ.

ಬೈಲಹೊಂಗಲ ತಲುಪಿದಾಗ ಒಂದೂವರೆ. ಕಚೇರಿಯ ಒಳಗೆ ಕೀ ಮೇಲೆ ಕೈಯಿಟ್ಟು ಕುಳಿತವರು ಕುಳ್ಳಗಿನ, ಬೋಳು ತಲೆಯ ಮನುಷ್ಯ. ಬಾಗಿಲಲ್ಲಿ ತಲೆ ಬಗ್ಗಿಸುವ ಎತ್ತರ ಅವರಿಗಿರಲಿಲ್ಲ. ‘ಸವದತ್ತಿ ಜೋಶಿ’ ಎಂದೆ. ಅವರು ಎದ್ದು ನಿಂತರು.

‘ಬರ್ರಿ, ಬರ್ರಿ. ಮೂರ ತಾಸ ಆತು, ನಿಮ್ಮನ್ನ ಕರದ ಕರದ ಬೆರಳ ಸೋತಾವು.’ ನನ್ನ ಹಿಂದೆ ನಿಂತಿದ್ದ ರತ್ನವ್ವನನ್ನು ನೋಡಿ ಅವರ ದನಿ ಇಳಿಯಿತು. ‘ಇವರೇನು?’

‘ಹೌದು.’

ಅವರು ಪ್ರತಿಯನ್ನು ನನ್ನ ಕೈಗೆ ಕೊಟ್ಟರು. ಮೊದಲು ನಾನು ಕಣ್ಣಲ್ಲೇ ಓದಿಕೊಂಡೆ. ‘ಸ್ಥಿತಿ ಗಂಭೀರ. ಎಚ್ಚರವಿಲ್ಲ. ಬಲಗಾಲು ತೆಗೆಯಲು ಮನೆಯವರ ಒಪ್ಪಿಗೆ ಬೇಕು. ತಂತಿಯಲ್ಲಿ ಉತ್ತರಿಸಿ.’

ರತ್ನವ್ವ ನನ್ನ ಬಾಯಿಯನ್ನೇ ನೋಡುತ್ತಿದ್ದಳು. ‘ಸ್ಥಿತಿ ಗಂಭೀರ’ ಎಂಬುದನ್ನು ಮೆತ್ತಗೆ ಮಾಡಿ ಹೇಳಲು ಹತ್ತು ಪದ ಹೊಳೆದವು. ಒಂದನ್ನೂ ಆಡಲಿಲ್ಲ. ಇದ್ದದ್ದನ್ನು ಇದ್ದ ಹಾಗೆ ಹೇಳಿದೆ.

ಸಿದ್ದಪ್ಪ ಗೋಡೆಗೆ ಆತುಕೊಂಡ. ‘ಕಾಲ ತಗದ್ರ ಏನ ಉಳೀತು? ನಿಂತ ದುಡಿಯೂ ಕೆಲಸ ನನ್ನ ಮಗಂದು. ಮೊದಲ ಹೋಗಿ ನೋಡೂಣು, ಆಮ್ಯಾಲ ಹೇಳೂಣು.’

‘ಮುಂಬೈ ಮುಟ್ಟಾಕ ನಾಳೆ ಸಂಜಿ ಆಗತೈತಿ ಮಾವ.’ ಅವಳು ನನ್ನ ಕಡೆ ತಿರುಗಿದಳು. ‘ಕಾಲ ತಗೀದಿದ್ರ ಬದಕತಾರು ಅಂತ ಬರದೈತೇನ್ರಿ?’

‘ಬರದಿಲ್ಲ.’

‘ತಗದ್ರ ಬದಕತಾರು ಅಂತ?’

ಹೌದು ಎನ್ನಲು ಎಷ್ಟು ಆಸೆಯಾಯಿತೆಂದರೆ ಕೆಳದುಟಿ ಕಚ್ಚಿ ಹಿಡಿದೆ. ‘ಅದೂ ಬರದಿಲ್ಲವ್ವ.’

ರತ್ನವ್ವ ಸೆರಗಿನಿಂದ ಮುಖದ ಮೇಲಿನ ಮಳೆನೀರು ಒರೆಸಿಕೊಂಡಳು.

‘ತಗೀರಿ ಅಂತ ಬಡೀರಿ,’ ಎಂದಳು. ‘ಕಾಲ ಹೋಗವಲ್ತ್ಯಾಕ. ನನಗ ಮನಷ್ಯಾ ಬೇಕು.’

ಸಿದ್ದಪ್ಪ ಗೋಡೆ ಬಿಟ್ಟು ಅವಳ ಪಕ್ಕ ಬಂದು ನಿಂತ. ಒಪ್ಪಿಗೆಯ ಮಾತನ್ನು ನಾನು ಬರೆದೆ, ಅವಳ ಹೆಬ್ಬೆಟ್ಟು ಒತ್ತಿಸಿದೆ. ಇಮಾಮಸಾಬರು ಬೆಳಗಾವಿಯನ್ನು ಕರೆದು, ಉಳಿದ ಎಲ್ಲ ತಂತಿಗಳನ್ನೂ ಬದಿಗಿಟ್ಟು ಅದನ್ನು ಕಳಿಸಿದರು. ಅಷ್ಟು ದಿನ ದೂರದಿಂದ ಕೇಳಿದ್ದ ಕೈಯನ್ನು ಅವತ್ತು ಹತ್ತಿರ ನಿಂತು ನೋಡಿದೆ. ಅವತ್ತು ಮಾತ್ರ ಪದಗಳ ನಡುವೆ ತಡೆ ಇರಲಿಲ್ಲ. ಮುಗಿದ ಮೇಲೆ ಅವರು ಯಂತ್ರದ ಮೇಲಿಂದ ಕೈ ತೆಗೆದು ಆಕಾಶದ ಕಡೆ ಒಮ್ಮೆ ಎತ್ತಿದರು.

ಮಾವ ಸೊಸೆಯನ್ನು ಬೆಳಗಾವಿ ಬಸ್ಸಿಗೆ ಕೂರಿಸಿ ನಾನು ಊರಿಗೆ ಬಂದೆ.

ಆಮೇಲೆ ನಾಲ್ಕು ವಾರ ಏನೂ ತಿಳಿಯಲಿಲ್ಲ. ಒಮ್ಮೆ ಇಮಾಮಸಾಬರೇ ಕೆಲಸ ಮುಗಿದ ಮೇಲೆ ‘ಸುದ್ದಿ?’ ಎಂದು ಕೀ ಮೇಲೆ ಕೇಳಿದರು. ‘ಇಲ್ಲ’ ಎಂದು ಕುಟ್ಟಿದೆ. ಸೆಪ್ಟೆಂಬರ್ ಒಂಬತ್ತರಂದು ಚೀನಾದ ಹಿರಿಯ ನಾಯಕರು ತೀರಿಕೊಂಡರು. ಮರುದಿನ ಕಚೇರಿಯ ಮುಂದೆ ಪೇಪರ್ ಹಿಡಿದ ಜನವೆಲ್ಲ ಇನ್ನು ಆ ದೇಶ ಏನಾಗುತ್ತದೋ ಎಂದು ವಾದ ಮಾಡುತ್ತಿದ್ದರು. ನನಗೆ ಆ ದೇಶದಿಂದ ಬಂದ ಒಬ್ಬನ ಸುದ್ದಿ ಬೇಕಾಗಿತ್ತು. ಅದು ಬಂದದ್ದು ಆ ವಾರದ ಕೊನೆಗೆ, ಮೂರೇ ಪದಗಳಲ್ಲಿ. ಯಾರೋ ಅವಳ ಪರವಾಗಿ ಮುಂಬೈಯಿಂದ ಕೊಟ್ಟ ತಂತಿ: ‘ಕಾಲು ಹೋಯಿತು. ಬದುಕಿದ್ದಾನೆ.’ ಹಿರೇಮಠ ಸಾಹೇಬರು ಅದನ್ನು ಎರಡು ಸಲ ಓದಿ, ಗೋಡೆಯ ಕಡೆ ನೋಡದೆ, ‘ಚಹಾ ತರಸು’ ಎಂದರು.

ಅಕ್ಟೋಬರಿನಲ್ಲಿ ಪೀಕಿಂಗಿನ ನಾಲ್ಕು ದೊಡ್ಡವರನ್ನು ಸೆರೆಹಿಡಿದರೆಂದು ರೇಡಿಯೋ ಹೇಳುತ್ತಿದ್ದ ದಿನಗಳಲ್ಲಿ ಮಾರುತಿ ಊರಿಗೆ ಬಂದ. ಕಂಕುಳಲ್ಲಿ ಕೋಲು ಇಟ್ಟುಕೊಂಡು ಹೆಂಡತಿಯ ಜತೆ ಕಚೇರಿಗೆ ಬಂದವನು ಮೊದಲು ಹೇಳಿದ್ದು ತನ್ನ ಕಾಲಿನ ಮಾತಲ್ಲ.

‘ಚೀನಾಕ್ಕ ಒಂದ ತಾರ ಕೊಡಬೇಕ್ರಿ ಮಾಸ್ತರ್ರ.’

ಅವತ್ತು ನಸುಕಿನಲ್ಲಿ ಬಂದರಿನ ಕಟ್ಟಡದ ಗೋಡೆ ಅವನ ಮೇಲೆ ಬಿದ್ದಿತ್ತಂತೆ. ಆಸ್ಪತ್ರೆಯೂ ಬಿರುಕುಬಿಟ್ಟಿದ್ದರಿಂದ ಬಯಲಲ್ಲಿ ಗುಡಾರ. ಮೇಲೆ ಮಳೆ, ಕೆಳಗೆ ಭೂಮಿ ಆಗಾಗ ನಡುಗುತ್ತಲೇ ಇತ್ತು. ಅಲ್ಲಿ ಒಬ್ಬ ವೈದ್ಯೆ ಹತ್ತು ದಿನ ಅವನ ಕಾಲು ತೊಳೆದು ಕಟ್ಟಿದಳು. ಅವಳ ಅಣ್ಣನ ಮನೆಯವರೆಲ್ಲ ತಾಂಗ್‌ಶಾನ್‌ನಲ್ಲಿ ಹೋಗಿದ್ದರೆಂದು ದುಭಾಷಿಯೊಬ್ಬ ಹೇಳಿದನಂತೆ. ಬೇನೆ ಹೆಚ್ಚಾದದ್ದು ದಾರಿಯಲ್ಲಿ. ಇನ್ನೊಂದು ದಿನ ತಡವಾಗಿದ್ದರೆ ವಿಷ ಮೈಗೆಲ್ಲ ಏರುತ್ತಿತ್ತೆಂದು ಮುಂಬೈಯ ಡಾಕ್ಟರು ಹೇಳಿದ್ದರು.

‘ಬದುಕಿ ಮನಿಗೆ ಬಂದೇನಿ ಅಂತ ಆ ಡಾಕ್ಟರಬಾಯಿಗೆ ಗೊತ್ತಾಗಬೇಕ್ರಿ,’ ಎಂದು ಮಾರುತಿ ಮಡಿಚಿದ ಒಂದು ಚೀಟಿ ತೆಗೆದ. ಅವಳು ಬರೆದುಕೊಟ್ಟ ವಿಳಾಸ. ಎಲ್ಲವೂ ಚೀನೀ ಅಕ್ಷರ.

ನನ್ನ ಕೀಗೆ ಇಪ್ಪತ್ತಾರು ಅಕ್ಷರ ಗೊತ್ತು. ಇವನ್ನು ಹೇಗೆ ಕುಟ್ಟಲಿ? ತಂತಿ ಆಗದು, ಪತ್ರವೇ ಸರಿ ಎಂದೆ. ಇಂಗ್ಲಿಷಿನಲ್ಲಿ ನಾಲ್ಕು ಸಾಲು ಬರೆದೆ. ಆದರೆ ಲಕೋಟೆಯ ಮೇಲೆ ಆ ಅಕ್ಷರಗಳನ್ನು ಬರೆಯಲು ಹೋದರೆ ಮೂರು ಸಲ ಕೆಟ್ಟಿತು. ಗೆರೆ ಎಲ್ಲಿ ಶುರು, ಎಲ್ಲಿ ಕೊನೆ ಒಂದೂ ತಿಳಿಯಲಿಲ್ಲ.

‘ಕೊಡ್ರಿ ಇಲ್ಲೆ,’ ಎಂದಳು ರತ್ನವ್ವ.

ನೆಲದ ಮೇಲೆ ಕುಳಿತು ಚೀಟಿಯನ್ನು ಎದುರಿಗಿಟ್ಟುಕೊಂಡಳು. ಹೆಸರು ಬರೆಯಲೂ ಬಾರದ ಹೆಣ್ಣುಮಗಳು, ರಂಗೋಲಿಯ ಎಳೆ ಹಾಕುವವಳ ಹಾಗೆ, ಒಂದೊಂದೇ ಗೆರೆ ನೋಡಿ ನೋಡಿ ಇಳಿಸಿದಳು. ಅರ್ಧ ತಾಸು ಹಿಡಿಯಿತು. ಎರಡನ್ನೂ ಪಕ್ಕಪಕ್ಕ ಹಿಡಿದರೆ ಯಾವುದು ವೈದ್ಯೆಯದು, ಯಾವುದು ಇವಳದು ಹೇಳಲಾಗುತ್ತಿರಲಿಲ್ಲ. ಹಿರೇಮಠ ಸಾಹೇಬರು ಲಕೋಟೆಯನ್ನು ತಾವೇ ತೂಗಿ ಮುದ್ರೆ ಒತ್ತಿದರು.

ಹದಿನೈದು ದಿನಕ್ಕೆ ಬೆಳಗಾವಿಯಿಂದ ಸಾದಾ ಉಡುಪಿನ ಪೊಲೀಸ್ ಅಧಿಕಾರಿಯೊಬ್ಬರು ಬಂದರು. ಈ ತಾಲ್ಲೂಕಿನಿಂದ ಚೀನಾಕ್ಕೆ ಪತ್ರ ಬರೆದವರಾರು, ಲಕೋಟೆಯ ಮೇಲಿನ ಅಕ್ಷರದಲ್ಲಿ ಏನಿದೆ ಎಂದು ಕೇಳಿದರು. ಅಂಥ ಒಂದು ವಿಚಾರಣೆಗೆ ಜನ ತಿಂಗಳುಗಟ್ಟಲೆ ಒಳಗಿರುತ್ತಿದ್ದ ಕಾಲ ಅದು. ರತ್ನವ್ವನನ್ನೂ ಮಾರುತಿಯನ್ನೂ ಕರೆಸಿದರು. ಏನು ಬರೆಸಿದೆ ಎಂದು ಅಧಿಕಾರಿ ಕೇಳಿದಾಗ ಅವಳು ಗಂಡನ ಮಡಿಚಿದ ಪಾಯಿಜಾಮದ ಕಡೆ ಕೈ ತೋರಿಸಿದಳು.

‘ಕಾಲ ಹೋತು, ಇವರ ಬಂದ್ರು ಅಂತ ಬರಸೇನ್ರಿ.’

ಅಧಿಕಾರಿ ನನ್ನ ಕಡೆ ತಿರುಗುವಷ್ಟರಲ್ಲಿ ಹಿರೇಮಠ ಸಾಹೇಬರು ಎದ್ದು ನಿಂತರು. ‘ಮುದ್ರಿ ಒತ್ತಿದಾಂವ ನಾನ್ರಿ. ಸರಕಾರ ಆ ದೇಶಕ್ಕ ರಾಯಭಾರಿನ ಕಳಸೇತಿ. ಒಂದ ಲಕೋಟಿ ಹ್ವಾದ್ರ ತಪ್ಪಂತ ಯಾವ ಸುತ್ತೋಲೆದಾಗ ಐತಿ? ಎಲ್ಲಾ ಗ್ವಾಡಿ ಮ್ಯಾಲ ಅದಾವು, ನೋಡ್ರಿ.’ ಅಧಿಕಾರಿ ಗೋಡೆಯ ಕಡೆ ನೋಡಲಿಲ್ಲ. ಹೇಳಿಕೆ ಬರೆದುಕೊಂಡು, ಚೀಟಿಯ ಮೇಲಿನ ಅಕ್ಷರಗಳ ಒಂದು ಪ್ರತಿ ಕೇಳಿದರು. ಅದನ್ನೂ ರತ್ನವ್ವನೇ ಗೆರೆ ನೋಡಿ ಇಳಿಸಿಕೊಟ್ಟಳು. ಅವರು ಮತ್ತೆ ಬರಲಿಲ್ಲ.

ಆಮೇಲೆ ತುರ್ತು ಪರಿಸ್ಥಿತಿ ಹೋಯಿತು, ಚುನಾವಣೆಯಾಯಿತು. ಮಾರುತಿ ಬಸ್ ನಿಲ್ದಾಣದ ಹಿಂದೆ ಕುಳಿತು ಮಾಡುವ ಹಾಗೆ ಒಂದು ವೆಲ್ಡಿಂಗ್ ಅಂಗಡಿ ಹಾಕಿದ. ಎಪ್ಪತ್ತೇಳರ ಬೇಸಿಗೆಯಲ್ಲಿ ಒಂದು ಮಧ್ಯಾಹ್ನ ಟಪಾಲು ಚೀಲದಲ್ಲಿ ತೆಳು ಕಾಗದದ ಲಕೋಟೆಯೊಂದು ಸಿಕ್ಕಿತು. ಹೊರದೇಶದ ಅಂಚೆಚೀಟಿ, ಹಿಂದೆ ಸಾಲುಸಾಲು ಚೀನೀ ಅಕ್ಷರ, ಮುಂದೆ ಸೊಟ್ಟ ಇಂಗ್ಲಿಷಿನಲ್ಲಿ ಮಾರುತಿಯ ಹೆಸರು. ಪೋಸ್ಟ್‌ಮನ್ನನಿಗೆ ಕೊಡದೆ ನಾನೇ ಅಂಗಡಿಗೆ ಒಯ್ದೆ. ರತ್ನವ್ವ ಗಂಡನಿಗೆ ರೊಟ್ಟಿ ತಂದು ಅಲ್ಲೇ ಕುಳಿತಿದ್ದಳು.

ಒಳಗೆ ಒಂದೇ ಹಾಳೆ. ಮೇಲಿನಿಂದ ಕೆಳಗಿನವರೆಗೆ ಆ ಭಾಷೆ. ಇಂಗ್ಲಿಷಿನ ಒಂದು ಪದವೂ ಇಲ್ಲ. ಮಾರುತಿ ತಿರುಗಿಸಿ ತಿರುಗಿಸಿ ನೋಡಿ ನನ್ನ ಕೈಗೆ ಕೊಟ್ಟ. ಇಬ್ಬರೂ ನನ್ನನ್ನೇ ನೋಡಿದರು.

‘ಏನ ಬರದಾಳ್ರಿ ಮಾಸ್ತರ್ರ?’ ಎಂದಳು ರತ್ನವ್ವ.

‘ನನಗ ಗೊತ್ತಾಗವಲ್ದವ್ವ. ಒಂದಕ್ಷರನೂ ಬರೂದಿಲ್ಲ.’

ಅವಳು ಹಾಳೆಯನ್ನು ತೆಗೆದುಕೊಂಡು, ಕೈಯನ್ನು ಸೆರಗಿಗೆ ಒರೆಸಿ, ಆ ಗೆರೆಗಳ ಮೇಲೆ ಬೆರಳಾಡಿಸಿದಳು.

‘ಇರ್ಲಿ ಬಿಡ್ರಿ,’ ಎಂದಳು. ‘ಆಕಿ ಬದುಕ್ಯಾಳ.’